ಜಿನ್ ಕಾಕ್‌ಟೇಲ್: ಬಾಟಲಿಗಿಂತ ಮೊದಲು ಐಸು ಸರಿಯಾಗಲಿ

ರಮ್ಮಿಗೆ ಕೋಲಾ ಸುರಿದರೆ ಅಳತೆ ತಪ್ಪಿದ್ದು ಯಾರಿಗೂ ಗೊತ್ತಾಗುವುದಿಲ್ಲ. ಜಿನ್ ಹಾಗಲ್ಲ. ನಿಂಬೆರಸ ಐದು ಮಿ.ಲೀ. ಹೆಚ್ಚಾದರೆ ಮೊದಲ ಗುಟುಕಿಗೇ ನಾಲಿಗೆಗೆ ತಿಳಿಯುತ್ತದೆ. ಫ್ರಿಜ್ಜಿನ ವಾಸನೆ ಹಿಡಿದ ಐಸು ಹಾಕಿದರೆ ಅದೂ ತಿಳಿಯುತ್ತದೆ. ದುಬಾರಿ ಬಾಟಲಿ ತಂದು, ಟ್ರೇಯಿಂದ ಮೂರು ತುಂಡು ಐಸು ಹಾಕಿ, ಮೊನ್ನೆ ತೆರೆದಿಟ್ಟ ಟಾನಿಕ್ (ಗ್ಯಾಸು ತುಂಬಿದ ಕಹಿ-ಸಿಹಿ ನೀರು) ಸುರಿದು, ಕೊನೆಗೆ "ಈ ಜಿನ್ ಅಷ್ಟೇನೂ ಚೆನ್ನಾಗಿಲ್ಲ" ಎಂದು ಪಕ್ಕಕ್ಕಿಡುವವರು ಬಹಳ. ಗ್ಲಾಸಿನಲ್ಲಿ ಕೆಟ್ಟದ್ದು ಜಿನ್ ಅಲ್ಲ. ತಣ್ಣಗಾಗುವುದು, ನೀರು ಸೇರುವುದು, ಅಳತೆ, ಈ ಮೂರನ್ನು ಹಿಡಿತಕ್ಕೆ ತಂದುಕೊಂಡರೆ ಸಾಧಾರಣ ಬೆಲೆಯ ಜಿನ್ನಿನಲ್ಲೂ ಒಳ್ಳೆಯ ಬಾರಿನ ಮಟ್ಟದ ಪಾನೀಯ ಮಾಡಬಹುದು. ಇಲ್ಲಿ ಕೊಟ್ಟಿರುವುದು ಆ ದಾರಿ.

ಬಾಟಲಿಯೊಳಗೆ ಏನಿದೆ

ಧಾನ್ಯದಿಂದಲೋ ಕಾಕಂಬಿಯಿಂದಲೋ ತೆಗೆದ, ಹೆಚ್ಚುಕಡಿಮೆ ಯಾವ ರುಚಿಯೂ ಇಲ್ಲದ ಶೇ 96ರ ಸ್ಪಿರಿಟ್‌ಗೆ ನೀರು ಬೆರೆಸಿ, ಜುನಿಪರ್ ಕಾಯಿ ಮತ್ತು ಇತರ ಮಸಾಲೆಗಳ ಜೊತೆ ಮತ್ತೆ ಭಟ್ಟಿ ಇಳಿಸಿದರೆ ಜಿನ್. ನಮ್ಮ ಆಯುರ್ವೇದದವರು ಹಪುಷ ಎಂದು ಕರೆಯುವುದು ಜುನಿಪರನ್ನೇ. ಅದರ ಜೊತೆ ಬಹುತೇಕ ಎಲ್ಲ ಜಿನ್ನಿನಲ್ಲೂ ಇರುವುದು ಕೊತ್ತಂಬರಿ ಬೀಜ. ಆಮೇಲೆ ಏಂಜೆಲಿಕಾ ಬೇರು, ಓರಿಸ್ ಬೇರು, ಕಿತ್ತಳೆ ಅಥವಾ ನಿಂಬೆಯ ಒಣಸಿಪ್ಪೆ, ಜ್ಯೇಷ್ಠಮಧು, ಏಲಕ್ಕಿ, ದಾಲ್ಚಿನ್ನಿ. ಟಾಂಕರೆ ಎಂಬ ಬ್ರಾಂಡಿನ ಜಿನ್ನಿನಲ್ಲಿ ನಾಲ್ಕೇ ವಸ್ತು: ಜುನಿಪರ್, ಕೊತ್ತಂಬರಿ, ಏಂಜೆಲಿಕಾ, ಜ್ಯೇಷ್ಠಮಧು. ಬೀಫೀಟರ್‌ನವರು ಒಂಬತ್ತು ವಸ್ತುಗಳನ್ನು ಸ್ಪಿರಿಟ್ಟಿನಲ್ಲಿ 24 ಗಂಟೆ ನೆನೆಸಿ ಆಮೇಲೆ ಭಟ್ಟಿಗೆ ಹಾಕುತ್ತಾರೆ. ಬಾಂಬೆ ಸಫೈರ್‌ನಲ್ಲಿ ನೆನೆಸುವುದೇ ಇಲ್ಲ. ಬುಟ್ಟಿಯಲ್ಲಿಟ್ಟ ಹತ್ತು ವಸ್ತುಗಳ ಮೂಲಕ ಆವಿ ಹಾದುಹೋಗುತ್ತದೆ. ನೆನೆಸಿದ್ದು ಗಟ್ಟಿ ರುಚಿ, ಆವಿಯಲ್ಲಿ ಹಿಡಿದದ್ದು ಹಗುರ ಪರಿಮಳ. ಈ ವ್ಯತ್ಯಾಸ ಕೆಲಸಕ್ಕೆ ಬರುವಂಥದ್ದು: ನಿಂಬೆ, ಸಕ್ಕರೆ, ಕಹಿ ಮದ್ಯಗಳ ನಡುವೆ ಉಳಿದು ನಿಲ್ಲಬೇಕಾದರೆ ಜುನಿಪರ್ ಮುಂದಾಗಿರುವ ಜಿನ್ ಬೇಕು. ಹೂವಿನಂಥ ಹಗುರ ಜಿನ್‌ಗಳಿಗೆ ಟಾನಿಕ್ ಸಾಕು, ಕಹಿ ಮದ್ಯ ಸೇರುವ ನೆಗ್ರೋನಿಯಲ್ಲಿ ಅವು ಕಳೆದೇ ಹೋಗುತ್ತವೆ.

ಲೇಬಲ್ ಮೇಲೆ ನೋಡಬೇಕಾದ್ದು ಎರಡು ಸಂಗತಿ. ಮೊದಲನೆಯದು ಶಕ್ತಿ. ಯುರೋಪಿನ ಕಾನೂನಿನಲ್ಲಿ ಜಿನ್ ಕನಿಷ್ಠ ಶೇ 37.5 ಇರಬೇಕು, ನಮ್ಮಲ್ಲಿ ಸಿಗುವ ಬಹಳಷ್ಟು ಬಾಟಲಿ ಶೇ 42.8. ಪರಿಮಳದ ಎಣ್ಣೆಗಳು ಆಲ್ಕೋಹಾಲಿನಲ್ಲಿ ಕರಗಿರುವುದರಿಂದ ಈ ಐದು ಅಂಶದ ವ್ಯತ್ಯಾಸ, ಬಹುಪಾಲು ಜಿನ್ನೇ ಇರುವ ಮಾರ್ಟಿನಿಯಲ್ಲಿ ಢಾಳಾಗಿ ಕಾಣುತ್ತದೆ. ಎರಡನೆಯದು 'ಲಂಡನ್ ಡ್ರೈ' ಎಂಬ ಮಾತು. ಅದು ಊರಿನ ಹೆಸರಲ್ಲ, ಮಾಡುವ ವಿಧಾನದ ಹೆಸರು: ಎಲ್ಲ ಪರಿಮಳವೂ ಭಟ್ಟಿಯಲ್ಲೇ ಬರಬೇಕು, ಆಮೇಲೆ ಬಣ್ಣ ಸೇರಿಸುವಂತಿಲ್ಲ, ಸಕ್ಕರೆ ಲೀಟರಿಗೆ 0.1 ಗ್ರಾಂ ಮೀರುವಂತಿಲ್ಲ. ಜಗತ್ತಿನ ಯಾವ ಮೂಲೆಯಲ್ಲಾದರೂ ಇದನ್ನು ಮಾಡಬಹುದು. ಗೋವಾದಲ್ಲಿ ಮಾಡುವ ಗ್ರೇಟರ್ ದ್ಯಾನ್ ಕೂಡ ಲಂಡನ್ ಡ್ರೈ. ಕೆಲವು ಜಿನ್‌ಗಳಿಗೆ ನೀರು ಅಥವಾ ಐಸು ಸೇರಿದೊಡನೆ ಮಂಜು ಕವಿದಂತಾಗುತ್ತದೆ. ಅದು ಕಲಬೆರಕೆಯಲ್ಲ, ಆಲ್ಕೋಹಾಲ್ ತೆಳುವಾದಾಗ ಎಣ್ಣೆ ಹೊರಬರುತ್ತದೆ, ಅಷ್ಟೆ.

ಸಿಹಿಯಿಂದ ಒಣ ರುಚಿಗೆ

ಚರಿತ್ರೆಯಲ್ಲಿ ಕೈಕೆಲಸಕ್ಕೆ ಬೇಕಾದಷ್ಟನ್ನು ಮಾತ್ರ ಹೇಳುತ್ತೇವೆ. ಜಿನ್ನಿನ ಹಿರಿಯ ಡಚ್ಚರ ಯೆನೇವರ್: ಮಾಲ್ಟಿನ ರುಚಿಯ, ದಪ್ಪ ಮದ್ಯ. ಡಚ್ಚರ ವಿಲಿಯಂ ಇಂಗ್ಲೆಂಡಿನ ದೊರೆಯಾದ ಮೇಲೆ, 1690ರಲ್ಲಿ, ಸ್ಥಳೀಯ ಧಾನ್ಯದಿಂದ ಭಟ್ಟಿ ಇಳಿಸುವುದಕ್ಕೆ ಉತ್ತೇಜನ ಕೊಡುವ ಕಾನೂನು ಬಂತು. ಅದರ ಫಲವಾಗಿ ಲಂಡನ್ನಿನ ಬಡವರ ಕೇರಿಗಳಲ್ಲಿ ಅಗ್ಗದ ಜಿನ್ ಹೊಳೆಯಾಗಿ ಹರಿಯಿತು. 1736ರ ಕಾಯ್ದೆ ವಿಪರೀತ ಶುಲ್ಕ ಹೇರಿ ಕಳ್ಳಭಟ್ಟಿಗೆ ದಾರಿಮಾಡಿತು. 1751ರ ಕಾಯ್ದೆ ಚಿಲ್ಲರೆ ಮಾರಾಟವನ್ನು ಬಿಗಿ ಮಾಡಿದ ಮೇಲೆ ಆ ಹುಚ್ಚು ಇಳಿಯಿತು. ಆ ಕಾಲದ ಸ್ಪಿರಿಟ್ ಒರಟು, ಆ ಒರಟುತನ ಮುಚ್ಚಲು ಸಿಹಿ ಸೇರಿಸುತ್ತಿದ್ದರು. 1830ರಲ್ಲಿ ಐರ್ಲೆಂಡಿನ ಈನಿಯಸ್ ಕಾಫಿ ನಿರಂತರ ಭಟ್ಟಿಗೆ ಪೇಟೆಂಟ್ ಪಡೆದ ಮೇಲೆ ಸ್ವಚ್ಛವಾದ ಸ್ಪಿರಿಟ್ ಸಿಗತೊಡಗಿತು. ಮುಚ್ಚುವುದಕ್ಕೆ ಏನೂ ಇಲ್ಲದ ಮೇಲೆ ಸಿಹಿ ಬೇಡವಾಯಿತು. ಒಣ ಜಿನ್ ಹುಟ್ಟಿದ್ದು ಹೀಗೆ. ಹಳೆಯ ಪಾಕಪಟ್ಟಿಯಲ್ಲಿ 'ಓಲ್ಡ್ ಟಾಮ್' ಎಂದಿದ್ದರೆ ಅದು ಆ ಸಿಹಿ ಜಿನ್. ಅದರ ಜಾಗಕ್ಕೆ ಲಂಡನ್ ಡ್ರೈ ಹಾಕುವುದಾದರೆ 5 ಮಿ.ಲೀ. ಸಕ್ಕರೆ ಪಾಕ ಹೆಚ್ಚಿಗೆ ಬೇಕಾಗುತ್ತದೆ. ಇಲ್ಲದಿದ್ದರೆ ಪಾನೀಯ ಹುಳಿಯಾಗಿ ಕೂರುತ್ತದೆ, ಯಾಕೆಂದು ಮಾಡಿದವರಿಗೂ ತಿಳಿಯುವುದಿಲ್ಲ.

ಐಸು

ಎಲ್ಲಕ್ಕಿಂತ ಹೆಚ್ಚು ಗಮನ ಇಲ್ಲಿ ಬೇಕು.

ಒಂದು ಗ್ರಾಂ ಐಸು ಕರಗಲು ಸುಮಾರು 80 ಕ್ಯಾಲೊರಿ ಶಾಖ ಹೀರುತ್ತದೆ. ಒಂದು ಗ್ರಾಂ ನೀರು ಒಂದು ಡಿಗ್ರಿ ತಣ್ಣಗಾಗಲು ಒಂದು ಕ್ಯಾಲೊರಿ ಹೋದರೆ ಸಾಕು. ಎಂದರೆ ಪಾನೀಯ ತಣ್ಣಗಾಗುವುದು ಮುಖ್ಯವಾಗಿ ಐಸು ಕರಗುವುದರಿಂದಲೇ. ಕರಗದೆ ತಣ್ಣಗಾಗುವುದಿಲ್ಲ, ತಣ್ಣಗಾದರೆ ನೀರು ಸೇರಿಯೇ ಸೇರುತ್ತದೆ. ಕಪಾಟಿನಲ್ಲಿ 28 ಡಿಗ್ರಿಯಲ್ಲಿದ್ದ 72 ಮಿ.ಲೀ. ಮದ್ಯವನ್ನು ಸೊನ್ನೆಗಿಂತ ಎರಡು ಡಿಗ್ರಿ ಕೆಳಗಿಳಿಸಲು ಸುಮಾರು 2,000 ಕ್ಯಾಲೊರಿ ತೆಗೆಯಬೇಕು, ಅಂದರೆ 25 ಗ್ರಾಂ ಐಸು ಕರಗಬೇಕು. ಆ 25 ಮಿ.ಲೀ. ನೀರು ದೋಷವಲ್ಲ, ಪಾನೀಯದ ಒಂದು ಭಾಗ. ಅದಿಲ್ಲದ ಮಾರ್ಟಿನಿ ಗಂಟಲು ಸುಡುತ್ತದೆ, ಪರಿಮಳವೂ ಅರಳುವುದಿಲ್ಲ.

ಇದರಿಂದ ತಿಳಿಯುವ ಎರಡು ಸಂಗತಿ. ಐಸು ಕಡಿಮೆ ಹಾಕಿದರೆ ನೀರು ಕಡಿಮೆ ಆಗುತ್ತದೆ ಎಂಬ ನಂಬಿಕೆ ತಪ್ಪು. ಮೂರು ತುಂಡು ಹಾಕಿದರೆ ಅಷ್ಟೂ ಬೇಗ ಕರಗಿ, ಗ್ಲಾಸು ಇನ್ನೂ ಬೆಚ್ಚಗಿರುವಾಗಲೇ ನೀರಾಗುತ್ತದೆ. ಗ್ಲಾಸಿನ ಬಾಯಿಯವರೆಗೆ ತುಂಬಿ. ಒಮ್ಮೆ ತಣ್ಣಗಾದ ಮೇಲೆ ಕರಗುವ ವೇಗ ಬಿದ್ದುಹೋಗುತ್ತದೆ. ಇನ್ನೊಂದು: ಜಿನ್ ಬಾಟಲಿಯನ್ನು ಫ್ರಿಜ್ಜಿನಲ್ಲಿಟ್ಟು 5 ಡಿಗ್ರಿಗೆ ತಂದಿದ್ದರೆ ಅಷ್ಟೇ ಹೊತ್ತು ಕಲಕಿದಾಗ ಸೇರುವ ನೀರು ಅರ್ಧಕ್ಕೂ ಕಡಿಮೆ. ಅದಕ್ಕೇ ಮನೆಯಲ್ಲಿ ಮಾಡಿದ ಮಾರ್ಟಿನಿ ಕೆಲವೊಮ್ಮೆ ವಿಪರೀತ ಕಡು ಎನಿಸುತ್ತದೆ. ಬಾಟಲಿ ತಣ್ಣಗಿದ್ದರೆ 10ರಿಂದ 15 ಮಿ.ಲೀ. ತಣ್ಣೀರನ್ನು ನೀವೇ ಅಳೆದು ಹಾಕಿ.

ಒದ್ದೆ ಐಸು ಇನ್ನೊಂದು ತೊಡಕು. ಬಕೆಟ್ಟಿನಲ್ಲಿ ಕೂತು ಮೈಮೇಲೆ ನೀರು ಹೊಳೆಯುತ್ತಿರುವ ಐಸಿನ ಆ ನೀರು ನೇರ ಪಾನೀಯಕ್ಕೆ ಹೋಗುತ್ತದೆ, ತಣ್ಣಗಂತೂ ಮಾಡುವುದಿಲ್ಲ. ಬಕೆಟ್ಟಿನ ತಳದಲ್ಲಿ ತೂತಿನ ತಟ್ಟೆ ಇರಲಿ. ಇಲ್ಲವೇ ಐಸನ್ನು ಜಾಲರಿಗೆ ಹಾಕಿ ನೀರು ಬಸಿದು, ಆಮೇಲೆ ಮದ್ಯಕ್ಕೆ ಹಾಕಿ.

ಬೋರ್‌ವೆಲ್ ನೀರಿನ ಐಸು ಬೆಳ್ಳಗೆ ಮಬ್ಬಾಗಿ, ಉಪ್ಪುಪ್ಪಾಗಿರುತ್ತದೆ. ಫಿಲ್ಟರ್ ನೀರು ಬಳಸಿ, ಮುಚ್ಚಳವಿರುವ ಟ್ರೇಯಲ್ಲೇ ಕಟ್ಟಿ; ಐಸು ಮೀನು, ಈರುಳ್ಳಿ, ಮಲ್ಲಿಗೆ ಹೂವು ಹೀಗೆ ಫ್ರಿಜ್ಜಿನಲ್ಲಿರುವ ಎಲ್ಲದರ ವಾಸನೆಯನ್ನೂ ಎಳೆದುಕೊಳ್ಳುತ್ತದೆ. ಗಾಜಿನಂಥ ಐಸು ಬೇಕೆಂದರೆ ನೀರನ್ನು ಎರಡು ಸಲ ಕುದಿಸುವ ಉಪಾಯದಿಂದ ಹೆಚ್ಚು ಪ್ರಯೋಜನವಿಲ್ಲ. ಟ್ರೇಯಲ್ಲಿ ನಾಲ್ಕೂ ಕಡೆಯಿಂದ ಹೆಪ್ಪುಗಟ್ಟುವುದರಿಂದ ಗಾಳಿ ನಡುವೆ ಸಿಕ್ಕಿಕೊಳ್ಳುತ್ತದೆ, ಮಬ್ಬಿಗೆ ಅದೇ ಕಾರಣ. ಫ್ರೀಜರಿನಲ್ಲಿ ಹಿಡಿಸುವ ಸಣ್ಣ ಥರ್ಮೋಕೋಲ್ ಪೆಟ್ಟಿಗೆಗೆ ನೀರು ತುಂಬಿ, ಮುಚ್ಚಳ ತೆಗೆದಿಡಿ. ಮೇಲಿನಿಂದ ಕೆಳಕ್ಕೆ ಮಾತ್ರ ಹೆಪ್ಪುಗಟ್ಟಿ ಗಾಳಿ ತಳಕ್ಕೆ ಹೋಗುತ್ತದೆ. ಸುಮಾರು 20 ಗಂಟೆಗೆ, ತಳದಲ್ಲಿ ಇನ್ನೂ ನೀರಿರುವಾಗ ಹೊರತೆಗೆದು, ಕಾಲು ಗಂಟೆ ಹೊರಗಿಟ್ಟು, ಗರಗಸದಂಚಿನ ಬ್ರೆಡ್ ಚಾಕುವಿನಿಂದ ಗೆರೆ ಕೊರೆದು ಚಾಕುವಿನ ಬೆನ್ನಿಗೆ ಮೆಲ್ಲಗೆ ಬಡಿಯಿರಿ. ಫ್ರೀಜರಿನಿಂದ ತೆಗೆದ ತಕ್ಷಣ ಬಡಿದರೆ ಅಡ್ಡಾದಿಡ್ಡಿ ಸೀಳುತ್ತದೆ.

ಅಳತೆ ಮತ್ತು ಸಾಮಾನು

30/60ರ ಸ್ಟೀಲ್ ಪೆಗ್ ಅಳತೆ ಎಲ್ಲ ಪಾತ್ರೆ ಅಂಗಡಿಯಲ್ಲೂ ಸಿಗುತ್ತದೆ. ಅಂಚಿನವರೆಗೆ ತುಂಬಿದಾಗ ಮಾತ್ರ ಅದರ ಅಳತೆ ಸರಿ. ಅಂಚಿಗೆ ಮೂರು ಮಿಲಿಮೀಟರ್ ಕೆಳಗೆ ನಿಲ್ಲಿಸಿದರೆ 30ರಲ್ಲಿ ನಾಲ್ಕೈದು ಮಿ.ಲೀ. ಕಡಿಮೆ ಬಿದ್ದಿರುತ್ತದೆ. ಹೊಸದಾಗಿ ತಂದ ಅಳತೆಯನ್ನು ಅಡುಗೆಮನೆ ತಕ್ಕಡಿಯ ಮೇಲೆ ನೀರು ತುಂಬಿ ಪರೀಕ್ಷಿಸಿ: 30 ಮಿ.ಲೀ. ನೀರು 30 ಗ್ರಾಂ ತೂಗಬೇಕು. 5, 10 ಮಿ.ಲೀ. ಅಳೆಯಲು ಮಕ್ಕಳ ಸಿರಪ್ ಜೊತೆ ಬರುವ ಗೆರೆಯುಳ್ಳ ಮುಚ್ಚಳ ಚೆನ್ನಾಗಿ ತೊಳೆದಿಟ್ಟರೆ ಸಾಕು.

ಶೇಕರ್ ಕೊಳ್ಳುವುದಾದರೆ ಎರಡು ಸ್ಟೀಲ್ ಡಬ್ಬಿಗಳ ಬೋಸ್ಟನ್ ಶೇಕರ್ ಕೊಳ್ಳಿ. ಮೂರು ಭಾಗದ ಮುಚ್ಚಳದ ಶೇಕರ್ ನೋಡಲು ಚೆಂದ, ಆದರೆ ತಣ್ಣಗಾದಾಗ ಮುಚ್ಚಳ ಕಚ್ಚಿಕೊಂಡು ಬರುವುದೇ ಇಲ್ಲ. ಬೋಸ್ಟನ್ನಿನಲ್ಲಿ ಸಣ್ಣ ಡಬ್ಬಿಗೆ ಮದ್ಯ, ರಸ, ಪಾಕ ಹಾಕಿ, ಐಸು ತುಂಬಿ, ದೊಡ್ಡದನ್ನು ತುಸು ಓರೆಯಾಗಿ ಮುಚ್ಚಿ ಅಂಗೈಯಿಂದ ಒಮ್ಮೆ ಗುದ್ದಿ. ಒಳಗಿನ ಗಾಳಿ ತಣ್ಣಗಾಗಿ ಕುಗ್ಗುವುದರಿಂದ ಬಿಗಿ ತಾನೇ ಹೆಚ್ಚುತ್ತದೆ. ಬಿಡಿಸಲು ಎರಡೂ ಡಬ್ಬಿ ಒಂದಕ್ಕೊಂದು ತಾಗಿರುವ ಕಡೆಯಿಂದ ಕಾಲು ಸುತ್ತು ಪಕ್ಕಕ್ಕೆ, ಸಂದು ಶುರುವಾಗುವ ಜಾಗಕ್ಕೆ ಅಂಗೈಯ ಬುಡದಿಂದ ತಟ್ಟಿ. ಸೋಡಾ, ಟಾನಿಕ್ ಯಾವತ್ತೂ ಶೇಕರಿನೊಳಗೆ ಬೇಡ. ಗ್ಯಾಸಿನ ಒತ್ತಡಕ್ಕೆ ಡಬ್ಬಿ ಹಾರುತ್ತದೆ.

ಯಾವುದನ್ನು ಕುಲುಕಬೇಕು, ಯಾವುದನ್ನು ಕಲಕಬೇಕು? ರಸ, ಮೊಟ್ಟೆ, ಕೆನೆ ಇದ್ದರೆ ಕುಲುಕಿ. ಬರೀ ಮದ್ಯಗಳಿದ್ದರೆ ಚಮಚದಲ್ಲಿ ಕಲಕಿ. ಕುಲುಕಿದಾಗ ಗಾಳಿಗುಳ್ಳೆ, ಐಸಿನ ಚೂರು ಸೇರಿ ಮಬ್ಬಾಗುತ್ತದೆ. ನಿಂಬೆಯ ಪಾನೀಯಕ್ಕೆ ಅದು ಹಗುರ ತರುತ್ತದೆ, ಮಾರ್ಟಿನಿಯ ನುಣುಪನ್ನು ಕೆಡಿಸುತ್ತದೆ.

ಜಿನ್ ಅಂಡ್ ಟಾನಿಕ್

ಟಾನಿಕ್‌ನ ಕಹಿ ಕ್ವಿನೈನ್‌ನದು. ಸಿಂಕೋನಾ ತೊಗಟೆಯಿಂದ ಅದನ್ನು ಪ್ಯಾರಿಸ್ಸಿನಲ್ಲಿ ಬೇರ್ಪಡಿಸಿದ್ದು 1820ರಲ್ಲಿ. ಮಲೇರಿಯಾ ಮದ್ದಿಗಾಗಿ ಬ್ರಿಟಿಷರು 1860ರ ದಶಕದಲ್ಲಿ ನಮ್ಮ ಪಕ್ಕದ ನೀಲಗಿರಿಯಲ್ಲಿ ಸಿಂಕೋನಾ ತೋಟ ಹಾಕಿದರು. ಲಂಡನ್ನಿನ ಎರಾಸ್ಮಸ್ ಬಾಂಡ್ ಗ್ಯಾಸು ತುಂಬಿದ ಟಾನಿಕ್‌ಗೆ ಪೇಟೆಂಟ್ ಪಡೆದದ್ದು 1858ರಲ್ಲಿ. ಈಗಿನ ಟಾನಿಕ್‌ನಲ್ಲಿರುವ ಕ್ವಿನೈನ್ ಕಹಿಗೆ ಸಾಲುವಷ್ಟು ಮಾತ್ರ, ಜ್ವರಕ್ಕಲ್ಲ.

ಜಿನ್ 60 ಮಿ.ಲೀ., ಟಾನಿಕ್ 150 ಮಿ.ಲೀ. ಉದ್ದನೆಯ 350 ಮಿ.ಲೀ. ಗ್ಲಾಸನ್ನು ಐಸಿನಿಂದ ಪೂರ್ತಿ ತುಂಬಿ. ಜಿನ್ ಹಾಕಿ ಹತ್ತು ಸೆಕೆಂಡ್ ತಿರುಗಿಸಿ, ಜಿನ್ ಮೊದಲೇ ತಣ್ಣಗಾಗಲಿ. ನಂತರ ಫ್ರಿಜ್ಜಿನಲ್ಲಿಟ್ಟಿದ್ದ, ಆಗಷ್ಟೇ ತೆರೆದ ಟಾನಿಕನ್ನು ಗ್ಲಾಸು ಓರೆ ಹಿಡಿದು ಒಳಗೋಡೆಗುಂಟ ಇಳಿಸಿ. ಚಮಚ ತಳಕ್ಕಿಳಿಸಿ ಐಸನ್ನು ಒಮ್ಮೆ ಮೇಲೆತ್ತಿ ಬಿಡಿ, ಅಷ್ಟೇ ಸಾಕು. ಗರಗರ ತಿರುಗಿಸಿದರೆ ಗ್ಯಾಸೆಲ್ಲ ಹೋಗುತ್ತದೆ.

ಟಾನಿಕ್ ತಣ್ಣಗಿರಲೇಬೇಕು. ಸೊನ್ನೆ ಡಿಗ್ರಿಯ ನೀರು ಹಿಡಿದಿಟ್ಟುಕೊಳ್ಳುವ ಗ್ಯಾಸಿನ ಅರ್ಧದಷ್ಟನ್ನು ಮಾತ್ರ 20 ಡಿಗ್ರಿಯ ನೀರು ಹಿಡಿದೀತು. ಬೆಚ್ಚಗಿನ ಟಾನಿಕ್ ಐಸಿನ ಮೇಲೆ ಬಿದ್ದಾಗ ನೊರೆಯುಕ್ಕಿ ಹೋಗುವುದೇ ಇದಕ್ಕೆ. ಒಂದೂವರೆ ಲೀಟರಿನ ಬಾಟಲಿಗಿಂತ ಸಣ್ಣ ಕ್ಯಾನೇ ಮೇಲು. ಸೋಡಾ ಬೇರೆ, ಟಾನಿಕ್ ಬೇರೆ: ಟಾನಿಕ್‌ನಲ್ಲಿ ಸಕ್ಕರೆಯಿದೆ, ಕಹಿಯಿದೆ. ಸಿಹಿ ಜಾಸ್ತಿಯೆನಿಸಿದರೆ 100 ಟಾನಿಕ್, 50 ಸೋಡಾ ಹಾಕಿ.

ನಿಂಬೆಹೋಳನ್ನು ಹಿಂಡಿ ಒಳಗೆ ಬಿಡುವ ಅಭ್ಯಾಸ ಒಳ್ಳೆಯದಲ್ಲ. ಟಾನಿಕ್‌ನಲ್ಲಿ ಹುಳಿ ಆಗಲೇ ಇದೆ. ಬೇಕಾದದ್ದು ಸಿಪ್ಪೆಯ ಎಣ್ಣೆ. ನಮ್ಮ ಕಾಗದಿ ನಿಂಬೆಯ ಸಿಪ್ಪೆ ಬಹಳ ತೆಳು, ಹೆರೆಯಲು ಹೋದರೆ ರಸ ಚಿಮ್ಮುತ್ತದೆ. ಚಿತ್ರಾನ್ನಕ್ಕೂ ಉಪ್ಪಿನಕಾಯಿಗೂ ತರುವ ಹೇರಳೆಕಾಯಿಯ ದಪ್ಪ ಸಿಪ್ಪೆ ಈ ಕೆಲಸಕ್ಕೆ ಹೇಳಿ ಮಾಡಿಸಿದ್ದು. ತರಕಾರಿ ಹೆರೆಯುವ ಪೀಲರಿನಲ್ಲಿ ಎರಡು ಬೆರಳಗಲ ಹಸಿರು ಪದರ ಮಾತ್ರ ತೆಗೆಯಿರಿ, ಬಿಳಿ ಬರಬಾರದು. ಹೊರಮೈ ಗ್ಲಾಸಿನ ಕಡೆಗಿರುವಂತೆ ಹಿಡಿದು ಮಡಚಿ. ಸಣ್ಣ ತುಂತುರು ಪಾನೀಯದ ಮೇಲೆ ಬೀಳುವುದು ಬೆಳಕಿಗೆ ಹಿಡಿದರೆ ಕಾಣುತ್ತದೆ. ಅದು ಬಿತ್ತೆಂದರೆ ಕೆಲಸವಾಯಿತು, ಸಿಪ್ಪೆಯನ್ನು ಒಳಗೆ ಹಾಕಿದರೂ ಸರಿ, ಬಿಸಾಡಿದರೂ ಸರಿ.

ಗಿಮ್ಲೆಟ್ ಮತ್ತು ಅದರ ಬಳಗ

ಸ್ಕಾಟ್ಲೆಂಡಿನ ಲಾಕ್ಲನ್ ರೋಸ್ 1867ರಲ್ಲಿ ನಿಂಬೆರಸವನ್ನು ಮದ್ಯವಿಲ್ಲದೆ, ಸಕ್ಕರೆಯಲ್ಲೇ ಕೆಡದಂತೆ ಇಡುವ ವಿಧಾನಕ್ಕೆ ಪೇಟೆಂಟ್ ಪಡೆದ. ಅದೇ ವರ್ಷ ಬ್ರಿಟಿಷ್ ವ್ಯಾಪಾರಿ ಹಡಗುಗಳಲ್ಲಿ ನಾವಿಕರಿಗೆ ನಿಂಬೆರಸ ಕೊಡುವುದು ಕಡ್ಡಾಯವಾಯಿತು. ಜಿನ್ನಿಗೆ ಆ ಸಿಹಿ ನಿಂಬೆ ಸೇರಿದ್ದೇ ಗಿಮ್ಲೆಟ್. ತಾಜಾ ನಿಂಬೆ ಬುಟ್ಟಿಗಟ್ಟಲೆ ಸಿಗುವ ನಮ್ಮಲ್ಲಿ, ಅದರಲ್ಲೂ ವಿಜಯಪುರದ ಇಂಡಿಯ ನಿಂಬೆ ಸಿಗುವಾಗ, ಬಾಟಲಿಯ ಕಾರ್ಡಿಯಲ್ (ಆ ಸಿಹಿ ನಿಂಬೆರಸ) ಯಾಕೆ?

ಜಿನ್ 60 ಮಿ.ಲೀ., ಸೋಸಿದ ನಿಂಬೆರಸ 20, ಸಕ್ಕರೆ ಪಾಕ 20.

ಪಾಕಕ್ಕೆ 200 ಗ್ರಾಂ ಸಕ್ಕರೆ, 200 ಗ್ರಾಂ ಬಿಸಿನೀರು. ತೂಕದಲ್ಲೇ ಅಳೆಯಿರಿ, ಲೋಟದಲ್ಲಿ ಅಳೆದರೆ ಹರಳಿನ ಗಾತ್ರದ ಮೇಲೆ ಸಿಹಿ ಬದಲಾಗುತ್ತದೆ. ಕುದಿಸಬೇಡಿ, ನೀರು ಆರಿ ಪಾಕ ಗಟ್ಟಿಯಾಗುತ್ತದೆ. ಫ್ರಿಜ್ಜಿನಲ್ಲಿ ಎರಡು ವಾರ ಇರುತ್ತದೆ, ಮಬ್ಬಾದರೆ ಚೆಲ್ಲಿ. ಬೆಲ್ಲದ ಪಾಕ ರಮ್ಮಿಗೆ ಚೆನ್ನ, ಜಿನ್ನಿನಲ್ಲಿ ಜುನಿಪರನ್ನೇ ನುಂಗಿಹಾಕುತ್ತದೆ.

ಕುಲುಕುವುದು ಹನ್ನೆರಡು ಸೆಕೆಂಡ್, ಭುಜದೆತ್ತರಕ್ಕೆ ಹಿಡಿದು, ಐಸು ಡಬ್ಬಿಯ ಎರಡೂ ತುದಿಗೆ ಬಡಿಯುವಷ್ಟು ಜೋರಾಗಿ. ಡಬ್ಬಿಯ ಹೊರಮೈ ಬೆಳ್ಳಗೆ ಹಿಮಗಟ್ಟಬೇಕು. ಅದಕ್ಕಿಂತ ಹೆಚ್ಚು ಹೊತ್ತು ಕುಲುಕಿದರೆ ಉಷ್ಣತೆ ಇಳಿಯುವುದು ನಿಲ್ಲುತ್ತದೆ. 100 ಮಿ.ಲೀ. ಹಾಕಿದ್ದು ಸೋಸಿದಾಗ 150ರ ಹತ್ತಿರ ಬರಬೇಕು. 130 ಮಾತ್ರ ಬಂದರೆ ಕೈ ಮೆತ್ತಗಾಯಿತು ಎಂದರ್ಥ. 170 ಆದರೆ ಐಸು ಒದ್ದೆಯಿತ್ತು. ಟೀ ಜಾಲರಿ ಅಡ್ಡ ಹಿಡಿದು, ಮೊದಲೇ ಫ್ರೀಜರಿನಲ್ಲಿಟ್ಟ ಗ್ಲಾಸಿಗೆ ಸೋಸಿ.

ರಸ ಅಂದೇ ಹಿಂಡಿದ್ದಿರಲಿ, ಐದಾರು ಗಂಟೆ ಮೀರಿದರೆ ಪರಿಮಳ ಸಾಯುತ್ತದೆ. ಹಿಂಡುವ ಯಂತ್ರದಲ್ಲಿ ಹೋಳಿನ ಕತ್ತರಿಸಿದ ಮುಖ ತೂತುಗಳ ಕಡೆಗಿರಬೇಕು. ಕೊನೆಯ ಹನಿಯವರೆಗೂ ಜಜ್ಜಿದರೆ ಸಿಪ್ಪೆಯ ಕಹಿ ಇಳಿಯುತ್ತದೆ. ಬೇಸಿಗೆಯ ನಿಂಬೆಗೂ ಮಳೆಗಾಲದ ನಿಂಬೆಗೂ ಹುಳಿ ಒಂದೇ ಅಲ್ಲ. ಆದ್ದರಿಂದ ಮೊದಲ ಗ್ಲಾಸಿನಲ್ಲಿ ರುಚಿ ನೋಡಿ ಪಾಕವನ್ನು ಎರಡು ಮೂರು ಮಿ.ಲೀ. ಹಿಂದೆಮುಂದೆ ಮಾಡಿಕೊಳ್ಳಿ.

ಹಳೆಯ ಬಗೆಯ ಕಾರ್ಡಿಯಲ್ ಬೇಕೆಂದರೆ ಎಂಟು ನಿಂಬೆಯ ಹಸಿರು ಸಿಪ್ಪೆಯನ್ನು ಸಣ್ಣಗೆ ತುರಿದು 120 ಗ್ರಾಂ ಸಕ್ಕರೆಗೆ ಕೈಯಿಂದ ಉಜ್ಜಿ ಎರಡು ಗಂಟೆ ಬಿಡಿ. ಸಕ್ಕರೆ ಒದ್ದೆಯಾಗಿ ಹಸಿರು ತಿರುಗುತ್ತದೆ. 200 ಮಿ.ಲೀ. ರಸ ಸೇರಿಸಿ ಕರಗಿಸಿ ಸೋಸಿ, ವಾರದೊಳಗೆ ಮುಗಿಸಿ. ರಸ, ಪಾಕ ಎರಡರ ಬದಲಿಗೆ ಇದು 30 ಮಿ.ಲೀ.

ಇದೇ ಲೆಕ್ಕವನ್ನು ಎಳೆದರೆ ಉಳಿದವು ಬರುತ್ತವೆ. ಕುಲುಕಿದ್ದನ್ನು ಉದ್ದ ಗ್ಲಾಸಿನ ಹೊಸ ಐಸಿನ ಮೇಲೆ ಸೋಸಿ 90 ಮಿ.ಲೀ. ತಣ್ಣನೆ ಸೋಡಾ ಹಾಕಿದರೆ ಕಾಲಿನ್ಸ್ ಜಾತಿಯದು. ಮೊಟ್ಟೆಯ ಬಿಳಿ 20 ಮಿ.ಲೀ. ಸೇರಿಸಿ ಮೊದಲು ಐಸಿಲ್ಲದೆ ಹದಿನೈದು ಸೆಕೆಂಡ್, ಆಮೇಲೆ ಐಸು ಹಾಕಿ ಹನ್ನೆರಡು ಸೆಕೆಂಡ್ ಕುಲುಕಿದರೆ ದಪ್ಪ ನೊರೆಯ ಸೌರ್. ಹಸಿ ಮೊಟ್ಟೆಯಲ್ಲಿ ಸೋಂಕಿನ ಅಪಾಯವಿದೆ, ಗರ್ಭಿಣಿಯರು, ವಯಸ್ಸಾದವರಿಗಂತೂ ಬೇಡವೇ ಬೇಡ ಎನ್ನುವ ಮಾತು ಜಿನ್ನಿಗೂ ಅನ್ವಯಿಸುತ್ತದೆ. ಕಾಬೂಲಿ ಕಡಲೆ ಉಪ್ಪಿಲ್ಲದೆ ಬೇಯಿಸಿದ ದಪ್ಪ ನೀರು 20 ಮಿ.ಲೀ. ಹಾಕಿದರೆ ಸಸ್ಯಾಹಾರಿಗಳಿಗೂ ನೊರೆ ಸಿಗುತ್ತದೆ. ಕರಾವಳಿಯವರ ಮನೆಯಲ್ಲಿರುವ ಪುನರ್ಪುಳಿ ಶರಬತ್ತಿನ ಪಾಕ ಜಿನ್ನಿಗೆ ಬಹಳ ಹೊಂದುತ್ತದೆ: ಜಿನ್ 60, ಪಾಕ 25, ನಿಂಬೆರಸ 10, ಮೇಲೆ ಸೋಡಾ. ಇದಕ್ಕೆ ಬೇರೆ ಸಕ್ಕರೆ ಬೇಡ.

ಮಾರ್ಟಿನಿ

ಜಿನ್ 60 ಮಿ.ಲೀ., ಡ್ರೈ ವರ್ಮೂತ್ (ಗಿಡಮೂಲಿಕೆಯ ಪರಿಮಳದ ವೈನ್) 12 ಮಿ.ಲೀ. ದೊಡ್ಡ ಗ್ಲಾಸಿಗೆ ಐಸು ತುಂಬಿ, ಎರಡನ್ನೂ ಹಾಕಿ, ಚಮಚದ ಬೆನ್ನು ಗ್ಲಾಸಿನ ಒಳಗೋಡೆಗೆ ತಾಗಿಕೊಂಡೇ ಸುತ್ತುವಂತೆ 30ರಿಂದ 40 ಸೆಕೆಂಡ್ ಕಲಕಿ. ಸದ್ದು ಬರಬಾರದು, ಐಸು ಒಂದೇ ಗಡ್ಡೆಯಾಗಿ ತಿರುಗಬೇಕು. ಹಾಕಿದ ಎರಡೂ ಸೇರಿ 69 ಗ್ರಾಂ ತೂಗುತ್ತವೆ. ಸೋಸಿದ್ದನ್ನು ತೂಗಿದಾಗ 95 ಗ್ರಾಂ ಆಸುಪಾಸು ಬಂದರೆ ನೀರು ಸರಿಯಾಗಿ ಸೇರಿದೆ. ನಾಲ್ಕಾರು ಸಲ ತೂಗಿ ನೋಡಿದ ಮೇಲೆ ನಿಮ್ಮ ಐಸಿಗೆ, ನಿಮ್ಮ ಕೈಗೆ ಎಷ್ಟು ಸೆಕೆಂಡ್ ಎಂಬುದು ಗೊತ್ತಾಗುತ್ತದೆ. ಆಮೇಲೆ ತಕ್ಕಡಿ ಬೇಕಾಗುವುದಿಲ್ಲ.

ಬಹಳ ಕಡೆ ಮಾರ್ಟಿನಿ ಕೆಡುವುದು ವರ್ಮೂತ್‌ನಿಂದ. ಅದು ವೈನ್, ಶೇ 15ರಿಂದ 18ರದ್ದು. ತೆರೆದ ಮೇಲೆ ಫ್ರಿಜ್ಜಿನಲ್ಲಿಡಬೇಕು, ಒಂದೂವರೆ ಎರಡು ತಿಂಗಳಲ್ಲಿ ಮುಗಿಸಬೇಕು. ಕಪಾಟಿನಲ್ಲಿ ವರ್ಷ ಕಳೆದ ವರ್ಮೂತ್ ಹಾಕಿ "ವರ್ಮೂತ್ ಇಲ್ಲದಿದ್ದರೇ ಚೆನ್ನ" ಎಂದು ತೀರ್ಮಾನಿಸುವುದು ನ್ಯಾಯವಲ್ಲ. ಚಿಕ್ಕ ಬಾಟಲಿ ಸಿಕ್ಕರೆ ಅದನ್ನೇ ಕೊಳ್ಳಿ.

ಹಲವರು ಬರುವ ದಿನಕ್ಕೆ: 500 ಮಿ.ಲೀ. ಜಿನ್, 80 ಡ್ರೈ ವರ್ಮೂತ್, 90 ನೀರು 750ರ ಖಾಲಿ ಬಾಟಲಿಗೆ ತುಂಬಿ ಹಿಂದಿನ ರಾತ್ರಿಯೇ ಫ್ರೀಜರಿನಲ್ಲಿಡಿ. ಶಕ್ತಿ ಶೇ 34ರಷ್ಟಿರುವುದರಿಂದ ಸಾಮಾನ್ಯ ಫ್ರೀಜರಿನಲ್ಲಿ ಹೆಪ್ಪುಗಟ್ಟುವುದಿಲ್ಲ. ನೀರು ಇನ್ನೂ ಹೆಚ್ಚಿಸಿದರೆ ಐಸಿನ ಪುಡಿ ಕಾಣಿಸಿಕೊಳ್ಳುತ್ತದೆ. ಕಲಕಿ ಮಾಡಿದ್ದಕ್ಕಿಂತ ಇದು ಕಡು, ಆದ್ದರಿಂದ ಒಬ್ಬರಿಗೆ 60 ಮಿ.ಲೀ. ಸಾಕು.

ನೆಗ್ರೋನಿ, ಹ್ಯಾಂಕಿ ಪ್ಯಾಂಕಿ

ಜಿನ್, ಕಂಪಾರಿ (ಇಟಲಿಯ ಕೆಂಪು ಕಹಿ ಮದ್ಯ), ಸಿಹಿ ವರ್ಮೂತ್ ತಲಾ 30 ಮಿ.ಲೀ. ದೊಡ್ಡ ಐಸುಗಡ್ಡೆಯಿರುವ ಗ್ಲಾಸಿನಲ್ಲೇ ಇಪ್ಪತ್ತು ಸೆಕೆಂಡ್ ಕಲಕಿ, ಕೊಡಗಿನ ಕಿತ್ತಳೆಯ ಸಿಪ್ಪೆ ಹಿಂಡಿ. 1919ರ ಸುಮಾರಿಗೆ ಇಟಲಿಯ ಫ್ಲಾರೆನ್ಸ್‌ನಲ್ಲಿ ಕಾಮಿಲ್ಲೋ ನೆಗ್ರೋನಿ ಎಂಬವನು ಕಂಪಾರಿ, ಸಿಹಿ ವರ್ಮೂತ್, ಸೋಡಾ ಸೇರಿದ ತನ್ನ ಅಮೆರಿಕಾನೋದಲ್ಲಿ ಸೋಡಾ ತೆಗೆದು ಜಿನ್ ಹಾಕಿಸಿಕೊಂಡ ಎಂಬುದು ಪ್ರಚಲಿತ ಕತೆ. ಹೊಸಬರಿಗೆ ಅಳತೆ ತಪ್ಪುವ ಭಯವಿಲ್ಲದ ಪಾನೀಯ ಇದೊಂದೇ. ಕಹಿ ಜಾಸ್ತಿಯೆನಿಸಿದರೆ ಕಂಪಾರಿ ಇಳಿಸುವ ಬದಲು ಜಿನ್ 40ಕ್ಕೆ ಏರಿಸಿ.

ಲಂಡನ್ನಿನ ಸವಾಯ್ ಹೋಟೆಲಿನ ಅಮೆರಿಕನ್ ಬಾರಿನಲ್ಲಿ 1903ರಿಂದ ಎರಡು ದಶಕಕ್ಕೂ ಹೆಚ್ಚು ಕಾಲ ಮುಖ್ಯಸ್ಥೆಯಾಗಿದ್ದ ಏಡಾ ಕೋಲ್ಮನ್ ಕೊಟ್ಟದ್ದು ಹ್ಯಾಂಕಿ ಪ್ಯಾಂಕಿ: ಜಿನ್ 45, ಸಿಹಿ ವರ್ಮೂತ್ 45, ಫರ್ನೆಟ್ ಬ್ರಾಂಕಾ ಎಂಬ ಕಹಿ ಮದ್ಯ 7.5, ಕಲಕಿ ಸೋಸಿ, ಕಿತ್ತಳೆ ಸಿಪ್ಪೆ. ಅವಳು ಆ ಕೌಂಟರಿನ ಹಿಂದೆ ನಿಂತು ನೂರು ವರ್ಷ ದಾಟಿದ ಮೇಲೆ, 2007ರಲ್ಲಷ್ಟೇ, ಮದ್ಯ ಮಾರುವ ಜಾಗದಲ್ಲಿ ಹೆಂಗಸರು ಕೆಲಸ ಮಾಡಬಾರದೆನ್ನುವ ದೆಹಲಿಯ ಹಳೆಯ ನಿಯಮವನ್ನು ನಮ್ಮ ಸುಪ್ರೀಂ ಕೋರ್ಟ್ ತಳ್ಳಿಹಾಕಿತು.

ಕೌಂಟರಿನ ಹಿಂದೆ

ಮನೆಗೂ ಬಾರಿಗೂ ವ್ಯತ್ಯಾಸ ರುಚಿಯಲ್ಲಲ್ಲ, ಐವತ್ತನೆಯ ಗ್ಲಾಸು ಮೊದಲನೆಯದರಂತೆಯೇ ಇರುವುದರಲ್ಲಿ. ಅದಕ್ಕೆ ಬೇಕಾದ್ದು ಕೈ ಚಳಕಕ್ಕಿಂತ ಹೆಚ್ಚಾಗಿ ಜೋಡಣೆ. ಬಾಟಲಿಗಳು ದಿನವೂ ಅದೇ ಜಾಗದಲ್ಲಿ, ನೋಡದೆ ಕೈ ಹಾಕಿದರೂ ಸಿಗುವಂತೆ. ಎಡಗೈ ಕಡೆ ಐಸು, ಮುಂದೆ ಶೇಕರ್, ಬಲಕ್ಕೆ ರಸ ಮತ್ತು ಪಾಕ. ಒರೆಸುವ ಬಟ್ಟೆ ಎರಡು: ಒಂದು ಒದ್ದೆ, ಒಂದು ಒಣ.

ಶೇಕರಿಗೆ ಹಾಕುವಾಗ ಅಗ್ಗದ್ದು ಮೊದಲು: ರಸ, ಪಾಕ, ಆಮೇಲೆ ಜಿನ್, ಕೊನೆಯಲ್ಲಿ ಐಸು. ನಡುವೆ ಲೆಕ್ಕ ತಪ್ಪಿ ಚೆಲ್ಲಬೇಕಾಗಿ ಬಂದರೆ ಹೋಗುವುದು ನಿಂಬೆರಸ ಮಾತ್ರ. ಐಸು ಮೊದಲು ಹಾಕಿಬಿಟ್ಟರೆ ನೀವು ಬಾಟಲಿ ಹುಡುಕುವಷ್ಟರಲ್ಲಿ ಅದು ಕರಗತೊಡಗಿರುತ್ತದೆ.

ಒಂದು ಮಾರ್ಟಿನಿ, ಎರಡು ಗಿಮ್ಲೆಟ್, ಒಂದು ಜಿನ್ ಟಾನಿಕ್ ಒಟ್ಟಿಗೆ ಬಂತೆನ್ನಿ. ಮೊದಲು ಎಲ್ಲವನ್ನೂ ಐಸಿಲ್ಲದೆ ಅಳೆದಿಡಿ. ಎರಡು ಗಿಮ್ಲೆಟ್ ಒಂದೇ ಶೇಕರಿನಲ್ಲಾಗುತ್ತದೆ. ಮಾರ್ಟಿನಿಗೆ ಐಸು ಹಾಕಿ ಕಲಕಿ, ಐಸಿನ ಜೊತೆಗೇ ಬಿಡದೆ ತಕ್ಷಣ ಸೋಸಿಡಿ. ನಂತರ ಗಿಮ್ಲೆಟ್ ಕುಲುಕಿ ಸುರಿಯಿರಿ, ಅದರ ನೊರೆ ಎರಡು ನಿಮಿಷಕ್ಕೆ ಇಳಿಯುತ್ತದೆ. ಟಾನಿಕ್ ತೆರೆಯುವುದು ಕಟ್ಟಕಡೆಗೆ. ಪ್ರತಿ ಶೇಕರಿನಿಂದಲೂ ಸ್ಟ್ರಾ ಅದ್ದಿ ಒಂದು ಹನಿ ರುಚಿ ನೋಡಿ; ಪಾಕ ಹಾಕುವುದನ್ನು ಮರೆತದ್ದು ಗಿರಾಕಿಯ ಮುಖ ನೋಡಿ ತಿಳಿಯುವಂತಾಗಬಾರದು.

ಅಳತೆಯಿಲ್ಲದೆ ಎಣಿಕೆಯಲ್ಲಿ ಸುರಿಯುವವರು ವಾರಕ್ಕೊಮ್ಮೆಯಾದರೂ ನೀರಿನ ಬಾಟಲಿಗೆ ಸುರಿಯುವ ಮೂತಿ ಸಿಕ್ಕಿಸಿ ಪರೀಕ್ಷೆ ಮಾಡಿಕೊಳ್ಳಬೇಕು: ನಾಲ್ಕು ಎಣಿಸುವಷ್ಟರಲ್ಲಿ 60 ಮಿ.ಲೀ. ಬೀಳಬೇಕು. 750ರ ಬಾಟಲಿಯಲ್ಲಿ 60ರ ಹನ್ನೆರಡು ಪೆಗ್ ಬರುತ್ತದೆ. ಪ್ರತಿ ಸಲ ಐದು ಮಿ.ಲೀ. ಹೆಚ್ಚು ಬಿದ್ದರೆ ಬಾಟಲಿಗೆ ಒಂದು ಪೆಗ್ ಪೂರ್ತಿ ಮಾಯ. ಗಿಮ್ಲೆಟ್ಟಿನಲ್ಲಿ ಆ ಐದು ಮಿ.ಲೀ. ರುಚಿಯನ್ನೂ ಕೆಡಿಸುತ್ತದೆ, ಆದ್ದರಿಂದ ಇದು ಮಾಲೀಕರ ಲಾಭದ ಪ್ರಶ್ನೆ ಮಾತ್ರವಲ್ಲ.

ಸುರಿಯುವವರಿಗೆ ಇನ್ನೊಂದು ಲೆಕ್ಕ ಬಾಯಿಪಾಠವಿರಬೇಕು. ಶೇ 42.8ರ 60 ಮಿ.ಲೀ. ಜಿನ್ನಿನಲ್ಲಿ ಸುಮಾರು 20 ಗ್ರಾಂ ಶುದ್ಧ ಆಲ್ಕೋಹಾಲ್ ಇದೆ. ದೇಹ ಅದನ್ನು ಕರಗಿಸಲು ಎರಡು ಗಂಟೆಗೂ ಮೇಲೆ ಬೇಕು. ಗಾಡಿ ಓಡಿಸುವವರ ರಕ್ತದಲ್ಲಿ 100 ಮಿ.ಲೀ.ಗೆ 30 ಮಿ.ಗ್ರಾಂ ಮೀರಿದರೆ ಮೋಟಾರು ವಾಹನ ಕಾಯ್ದೆಯ 185ನೇ ಸೆಕ್ಷನ್ ಪ್ರಕಾರ ಅಪರಾಧ. ನಿಂಬೆ, ಸಕ್ಕರೆ ಸೇರಿದ ಪಾನೀಯದಲ್ಲಿ ಮದ್ಯ ನಾಲಿಗೆಗೆ ಗೊತ್ತಾಗುವುದಿಲ್ಲ. ಎರಡು ಗ್ಲಾಸಿನ ನಡುವೆ ಕೇಳದೆಯೇ ನೀರು ಇಡಿ, ಜೊತೆಗೆ ಕಡಲೆಬೀಜವೋ ಕೋಸಂಬರಿಯೋ ಏನಾದರೂ ಇರಲಿ. ಮಾತು ತೊದಲಿದವರಿಗೆ ಇನ್ನೊಂದು ಕೊಡಬೇಡಿ, ಕ್ಯಾಬ್ ಕರೆಸಿಕೊಡಿ.

ಮುಚ್ಚುವ ಹೊತ್ತಿಗೆ ಉಳಿದ ರಸವೆಲ್ಲ ಚೆಲ್ಲಬೇಕು, ಎಷ್ಟೇ ಉಳಿದಿದ್ದರೂ. ವರ್ಮೂತ್ ಬಾಟಲಿಗೆ ತೆರೆದ ತಾರೀಖಿನ ಚೀಟಿ ಅಂಟಿಸಿ ಫ್ರಿಜ್ಜಿಗೆ. ಬಾಟಲಿಯ ಮೂತಿಗಳನ್ನು ತೆಗೆದು ಬಿಸಿನೀರಿನಲ್ಲಿ ನೆನೆಹಾಕಿ. ಪಾಕದ ಮೂತಿಯಲ್ಲಿ ಸಕ್ಕರೆ ಹರಳುಗಟ್ಟಿದರೆ ಮಾರನೆಯ ದಿನ ಸುರಿಯುವ ವೇಗ ಅರ್ಧವಾಗಿ ಎಣಿಕೆ ತಪ್ಪುತ್ತದೆ, ನೊಣಗಳೂ ಸೇರಿಕೊಳ್ಳುತ್ತವೆ. ಐಸಿನ ತೊಟ್ಟಿಯನ್ನು ಪೂರ್ತಿ ಬರಿದು ಮಾಡಿ ತೊಳೆದು ಒಣಗಿಸಿ. ದಿನದಲ್ಲಿ ಎಲ್ಲಾದರೂ ಗಾಜಿನ ಗ್ಲಾಸಿನಿಂದಲೇ ಐಸು ತೋಡಿ ಅಂಚು ಮುಕ್ಕಾಗಿದ್ದರೆ ಆ ತೊಟ್ಟಿಯ ಐಸು ಒಂದು ತುಂಡೂ ಉಳಿಯದಂತೆ ಆ ಕ್ಷಣವೇ ಬಿಸಿನೀರು ಸುರಿದು ಕರಗಿಸಿ, ತಳವನ್ನು ಒದ್ದೆ ಬಟ್ಟೆಯಿಂದ ಒರೆಸಿ ತೆಗೆಯಬೇಕು. ಐಸಿನ ನಡುವೆ ಗಾಜಿನ ಚೂರು ಕಣ್ಣಿಗೆ ಕಾಣುವುದಿಲ್ಲ. ತೋಡಲು ಸ್ಟೀಲಿನ ಸ್ಕೂಪ್ ಒಂದು ತೊಟ್ಟಿಯ ಪಕ್ಕದಲ್ಲೇ ತೂಗುಹಾಕಿರಲಿ.